ಕಣ್ಣಿಗೆ ನುಡಿಯುವ ಕಾವ್ಯ

ಕಾವ್ಯವನ್ನು ದೃಶ್ಯವೆಂದೂ ಶ್ರವ್ಯವೆಂದೂ ಎರಡಾಗಿ ವಿಂಗಡಿಸಿದವರು ನಮ್ಮ ಲಾಕ್ಷಣಿಕರು. ನಾಟಕ ಕಣ್ಣಿಗೆ ಸಂದದ್ದು. ಉಳಿದ ಕಾವ್ಯವೆಲ್ಲ ಕಿವಿಗೆ ಸಂದದ್ದು. ಈ ವಿಭಾಗವನ್ನು ತರಗತಿಯಲ್ಲಿ ವಿವರಿಸುವಾಗ ನಾನು ವಿದ್ಯಾರ್ಥಿಗಳ ಮುಂದೆ ಒಂದು ಪ್ರಶ್ನೆಯನ್ನು ಇಡುವುದುಂಟು: ಹುಟ್ಟಿನಿಂದ ಒಂದು ಶಬ್ದವನ್ನೂ ಕೇಳದವನು ಕವಿಯಾಗಬಲ್ಲನೆ? ಬರೆಯಲು ಕಲಿತರೆ ಆಗಬಹುದು ಎಂಬುದು ಸಾಮಾನ್ಯವಾಗಿ ಬರುವ ಉತ್ತರ. ಬರೆಯದೆಯೂ ಆಗಬಲ್ಲನು, ಕೈಯಲ್ಲಿಯೇ ಕವಿತೆಯನ್ನು ಕಟ್ಟಬಲ್ಲನು ಎಂದರೆ ತರಗತಿ ನಂಬುವುದಿಲ್ಲ. ಈ ಅಪನಂಬಿಕೆ ಆ ಹುಡುಗರದು ಮಾತ್ರವಲ್ಲ, ಲೋಕದ್ದು. ಅದರ ಫಲವನ್ನು ಉಂಡವರು ಕಿವುಡರು.

'ಕಿವುಡರು' ಎಂಬ ಮಾತನ್ನು ನಾನು ಬೇಕೆಂದೇ ಬಳಸುತ್ತಿದ್ದೇನೆ. ಈ ಸಾಹಿತ್ಯವನ್ನು ಕಟ್ಟಿದವರಲ್ಲಿ ಅನೇಕರು ಆ ಹೆಸರನ್ನು ಕುಂದೆಂದು ತಿಳಿಯದೆ, ಒಂದು ಜನದ ಹೆಸರೆಂಬಂತೆ ಅಭಿಮಾನದಿಂದ ಹೇಳಿಕೊಳ್ಳುತ್ತಾರೆ. ಜನವೆಂದ ಮೇಲೆ ಅದಕ್ಕೊಂದು ಭಾಷೆ ಉಂಟು. ಪಿಯೆರ್ ದೆಲೋಜ್ ಎಂಬಾತ ಪ್ಯಾರಿಸಿನಲ್ಲಿ ಪುಸ್ತಕಗಳಿಗೆ ರಟ್ಟು ಕಟ್ಟುತ್ತಿದ್ದ ಕೆಲಸಗಾರ. ಬಾಲ್ಯದಲ್ಲಿ ಸಿಡುಬು ತಗುಲಿ ಕಿವುಡನಾದವನು. 1779ರಲ್ಲಿ ಆತ ಒಂದು ಪುಸ್ತಕವನ್ನು ಪ್ರಕಟಿಸಿದ. ಸಂಜ್ಞೆಗಳಿಂದ ಕಿವುಡರಿಗೆ ಶಿಕ್ಷಣ ಕೊಡಲಾಗದೆಂದು ವಾದಿಸಿದ್ದ ಒಬ್ಬ ಪಾದ್ರಿಗೆ ಅದು ಉತ್ತರ. ಪ್ಯಾರಿಸಿನ ಕಿವುಡರು ತಮ್ಮೊಳಗೆ ಎಲ್ಲ ವಿಷಯಗಳನ್ನೂ ಸಂಜ್ಞೆಗಳಲ್ಲಿ ಮಾತನಾಡಿಕೊಳ್ಳುತ್ತಾರೆ ಎಂಬುದಕ್ಕೆ ಆತನೇ ಸಾಕ್ಷಿ. ಕಿವುಡರ ಬರವಣಿಗೆಯ ಆದಿಯಲ್ಲಿ ನಿಲ್ಲುವ ಈ ಪುಸ್ತಕ ಅನುಕಂಪವನ್ನು ಬೇಡುವುದಿಲ್ಲ. ತನ್ನ ಭಾಷೆಯ ಪರವಾಗಿ ವಾದಿಸುತ್ತದೆ.

ಆ ವಾದವನ್ನು ಲೋಕ ಮನ್ನಿಸಲಿಲ್ಲ. 1880ರಲ್ಲಿ ಇಟಲಿಯ ಮಿಲಾನ್ ನಗರದಲ್ಲಿ ಕಿವುಡರ ಶಿಕ್ಷಣವನ್ನು ಕುರಿತು ಒಂದು ಅಂತರರಾಷ್ಟ್ರೀಯ ಸಮ್ಮೇಳನ ನೆರೆಯಿತು. ಬಂದವರು ಬಹುಮಟ್ಟಿಗೆ ಎಲ್ಲರೂ ಕಿವಿ ಕೇಳುವವರೇ. ತುಟಿಯನ್ನು ನೋಡಿ ಮಾತು ಕಲಿಸುವ ಪದ್ಧತಿಯೇ ಶ್ರೇಷ್ಠವೆಂದೂ ಸಂಜ್ಞೆಗಳನ್ನು ಬಿಡಬೇಕೆಂದೂ ಅವರು ನಿರ್ಣಯಿಸಿದರು. ಅದರ ಪರಿಣಾಮವಾಗಿ ಯೂರೋಪು ಅಮೆರಿಕಗಳ ಅನೇಕ ಶಾಲೆಗಳಿಂದ ಸಂಜ್ಞಾಭಾಷೆ ಹೊರಬಿದ್ದಿತು. ಕೈಯಾಡಿಸಿದ ಮಕ್ಕಳಿಗೆ ಶಿಕ್ಷೆಯಾಯಿತು. ಅದೇ ಸಮ್ಮೇಳನದ ಪರಂಪರೆ 2010ರಲ್ಲಿ ವ್ಯಾಂಕೂವರಿನಲ್ಲಿ ಸೇರಿದಾಗ ಆ ನಿರ್ಣಯಗಳಿಗಾಗಿ ವಿಷಾದ ಸೂಚಿಸಿತು. ನಡುವೆ ಕಳೆದದ್ದು ನೂರಮೂವತ್ತು ವರ್ಷ. ಆ ಅವಧಿಯಲ್ಲಿ ಕಟ್ಟದೆಯೇ ಹೋದ ಕಾವ್ಯವೆಷ್ಟೋ!

ಕೆಲವರಾದರೂ ಆ ಅಪಾಯವನ್ನು ಮೊದಲೇ ಕಂಡಿದ್ದರು. ಅಮೆರಿಕದ ಕಿವುಡ ನಾಯಕ ಜಾರ್ಜ್ ವೆಡಿಟ್ಸ್ 1913ರಲ್ಲಿ ಚಲನಚಿತ್ರದ ಕ್ಯಾಮರಾ ಮುಂದೆ ನಿಂತು, ತಮ್ಮ ಭಾಷೆಯನ್ನು ಉಳಿಸಿಕೊಳ್ಳಬೇಕೆಂದು ಸಂಜ್ಞೆಯಲ್ಲಿಯೇ ಭಾಷಣ ಮಾಡಿದರು. ಲಿಪಿಯಿಲ್ಲದ ಆ ಭಾಷೆಗೆ ಚಲನಚಿತ್ರವೇ ಓಲೆಗರಿಯಾಯಿತು. ಹಸ್ತಪ್ರತಿಗಳ ಬೆಲೆಯನ್ನು ಬಲ್ಲ ನಮಗೆ ಇದರ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇದೆಲ್ಲ ಬರಿಯ ಮೂಕಾಭಿನಯವಲ್ಲವೆ ಎಂದು ಕೇಳುವವರಿದ್ದಾರೆ. ಅವರಿಗೆ ಉತ್ತರ ಸಿಕ್ಕಿದ್ದು ಒಬ್ಬ ಸಾಹಿತ್ಯದ ಅಧ್ಯಾಪಕನಿಂದ. ವಾಷಿಂಗ್ಟನ್ನಿನ ಗ್ಯಾಲೊಡೆಟ್ ಎಂಬ ಕಿವುಡರ ಕಾಲೇಜಿನಲ್ಲಿ ಇಂಗ್ಲಿಷ್ ಬೋಧಿಸುತ್ತಿದ್ದ ವಿಲಿಯಂ ಸ್ಟೋಕೀ 1960ರಲ್ಲಿ ಒಂದು ಪ್ರಬಂಧವನ್ನು ಪ್ರಕಟಿಸಿದರು. ಕೈಯ ಆಕಾರ, ಅದು ನಿಲ್ಲುವ ಸ್ಥಾನ, ಅದರ ಚಲನೆ, ಇವುಗಳ ಕೂಟದಿಂದ ಒಂದೊಂದು ಸಂಜ್ಞೆಯೂ ಹುಟ್ಟುತ್ತದೆ. ನಮ್ಮ ಮಾತಿನ ಪದಗಳು ಧ್ವನಿಗಳಿಂದ ಹುಟ್ಟುವಂತೆಯೇ ಎಂದು ತೋರಿಸಿದರು. 1965ರಲ್ಲಿ ಡೊರೊಥಿ ಕ್ಯಾಸ್ಟರ್‌ಲೈನ್, ಕಾರ್ಲ್ ಕ್ರೋನೆಬರ್ಗ್ ಎಂಬ ಇಬ್ಬರು ಕಿವುಡ ಸಹೋದ್ಯೋಗಿಗಳೊಡನೆ ಆ ಭಾಷೆಯ ನಿಘಂಟನ್ನೂ ಹೊರತಂದರು.

ಇದಾದ ಎರಡು ವರ್ಷಕ್ಕೆ, 1967ರಲ್ಲಿ, ಅಮೆರಿಕದಲ್ಲಿ ಕಿವುಡರ ರಾಷ್ಟ್ರೀಯ ರಂಗಭೂಮಿ ಸ್ಥಾಪನೆಯಾಯಿತು. ಕಿವುಡ ನಟರ ಜೊತೆಗೆ ಮಾತಾಡುವ ನಟರೂ ಅದರಲ್ಲಿದ್ದರು. ಒಂದೇ ನಾಟಕ ಕಣ್ಣಿಗೂ ಕಿವಿಗೂ ಏಕಕಾಲದಲ್ಲಿ ನಡೆಯುತ್ತಿತ್ತು. 1971ರಲ್ಲಿ ಆ ತಂಡ ತನ್ನ ಸದಸ್ಯರ ಅನುಭವದಿಂದಲೇ 'ನನ್ನ ಮೂರನೆಯ ಕಣ್ಣು' ಎಂಬ ಅರ್ಥದ ಹೆಸರಿನ ನಾಟಕವನ್ನು ಕಟ್ಟಿತು. ಅದರ ಒಂದು ಭಾಗದಲ್ಲಿ ಕಿವಿ ಕೇಳುವವರೇ ವಿಚಿತ್ರ ಜನರಾಗಿ ಪ್ರದರ್ಶನಕ್ಕೆ ನಿಲ್ಲುತ್ತಾರೆ. ನೋಡಿಸಿಕೊಳ್ಳುತ್ತಿದ್ದವರು ನೋಡುವವರಾದರು. ರಂಗಭೂಮಿಗೆ ಇದಕ್ಕಿಂತ ದೊಡ್ಡ ಪಲ್ಲಟ ಬೇಕೆ?

1973ರಲ್ಲಿ ಕಿವುಡ ನಾಟಕಕಾರ ಗಿಲ್ಬರ್ಟ್ ಈಸ್ಟ್‌ಮನ್ ಬರ್ನಾರ್ಡ್ ಷಾ ಅವರ 'ಪಿಗ್ಮಾಲಿಯನ್' ನಾಟಕವನ್ನು ತಮ್ಮ ಲೋಕಕ್ಕೆ ತಂದುಕೊಂಡರು. ಷಾ ನಾಟಕದಲ್ಲಿ ಹೂ ಮಾರುವ ಹುಡುಗಿಗೆ ಶುದ್ಧ ಉಚ್ಚಾರಣೆಯನ್ನು ಕಲಿಸುವ ಪಂಡಿತನಿದ್ದಾನೆ. ಈಸ್ಟ್‌ಮನ್ ಅವರ ನಾಟಕದಲ್ಲಿ ಕಿವುಡ ಹುಡುಗಿ ಆಲಿಸ್‌ಗೆ ಇಂಗ್ಲಿಷ್ ವ್ಯಾಕರಣಕ್ಕೆ ತಕ್ಕಂತೆ ಕೈಯಾಡಿಸುವುದನ್ನು ಕಲಿಸುವ ಪಂಡಿತನಿದ್ದಾನೆ. ಕೊನೆಗೆ ಆಲಿಸ್ ಆರಿಸಿಕೊಳ್ಳುವುದು ತನ್ನ ಜನರ ಸಂಜ್ಞಾಭಾಷೆಯನ್ನು. ದೊಡ್ಡ ಭಾಷೆಯ ನೆರಳಿನಲ್ಲಿ ತನ್ನ ನುಡಿಯನ್ನು ಉಳಿಸಿಕೊಳ್ಳಲು ಹೆಣಗಿದ ಯಾವ ಜನಕ್ಕೂ ಈ ಕಥೆ ಪರಕೀಯವಲ್ಲ, ಕನ್ನಡಿಗರಿಗಂತೂ ಅಲ್ಲ.

ಇದರ ಪಕ್ಕದಲ್ಲಿ ಮಾರ್ಕ್ ಮೆಡಾಫ್ ಅವರ 'ಚಿಲ್ಡ್ರನ್ ಆಫ್ ಎ ಲೆಸ್ಸರ್ ಗಾಡ್' ಎಂಬ ಪ್ರಸಿದ್ಧ ನಾಟಕವನ್ನು ಇಟ್ಟು ನೋಡಬೇಕು. 1980ರಲ್ಲಿ ನ್ಯೂಯಾರ್ಕಿನ ಬ್ರಾಡ್‌ವೇಯಲ್ಲಿ ಅದು ಪ್ರಯೋಗಗೊಂಡು, ಕಿವುಡ ನಟಿ ಫಿಲಿಸ್ ಫ್ರೆಲಿಚ್ ಅವರಿಗೆ ಟೋನಿ ಪ್ರಶಸ್ತಿ ಬಂದಿತು. 1986ರ ಚಲನಚಿತ್ರದ ಪಾತ್ರಕ್ಕಾಗಿ ಮಾರ್ಲೀ ಮ್ಯಾಟ್ಲಿನ್ ಅವರಿಗೆ ಆಸ್ಕರ್ ಪ್ರಶಸ್ತಿ ದೊರೆಯಿತು. ಕಿವುಡ ಕಲಾವಿದೆಯರಿಗೆ ಅದು ತೆರೆದ ಬಾಗಿಲು ದೊಡ್ಡದೆಂಬುದರಲ್ಲಿ ಸಂದೇಹವಿಲ್ಲ. ಆದರೆ ನಾಟಕಕಾರರು ಕಿವಿ ಕೇಳುವವರು. ನಾಯಕಿ ಕೈಯಲ್ಲಿ ಆಡಿದ ಮಾತನ್ನು ನಾಯಕನಾದ ಕಿವಿ ಕೇಳುವ ಅಧ್ಯಾಪಕನೇ ಬಾಯಿಬಿಟ್ಟು ಹೇಳುತ್ತಾನೆ. ಸಂಜ್ಞೆ ಬಾರದ ಪ್ರೇಕ್ಷಕನಿಗೆ ಅವಳು ತಲುಪುವುದು ಅವನ ದನಿಯ ಮೂಲಕ. ಕಿವುಡರ ವಿಷಯವಾಗಿ ಬರೆದ ಸಾಹಿತ್ಯ ಬೇರೆ, ಕಿವುಡರು ಬರೆದ ಸಾಹಿತ್ಯ ಬೇರೆ ಎನ್ನುವುದಕ್ಕೆ ಇಷ್ಟು ಸಾಕು.

ಇನ್ನು ಕಾವ್ಯದ ಮಾತು. ವೇಲ್ಸ್‌ನಲ್ಲಿ ಹುಟ್ಟಿ, ಎಂಟನೆಯ ವಯಸ್ಸಿನಲ್ಲಿ ಕಿವುಡಾದ ಡೊರೊಥಿ ಮೈಲ್ಸ್ (1931-1993) ಇಂಗ್ಲಿಷಿನಲ್ಲಿಯೂ ಸಂಜ್ಞೆಯಲ್ಲಿಯೂ ಜೊತೆಜೊತೆಯಾಗಿ ನಿಲ್ಲುವಂತೆ ಕವಿತೆಗಳನ್ನು ಕಟ್ಟಿದರು. ಅಮೆರಿಕದ ಕವಿ ಕ್ಲೇಟನ್ ವ್ಯಾಲಿ (1951-2003) ಭಾಷಾವಿಜ್ಞಾನಿಯೂ ಹೌದು. ಒಂದೇ ಕೈಯಾಕಾರ ಅಥವಾ ಒಂದೇ ಬಗೆಯ ಚಲನೆ ಸಾಲುಸಾಲಿನಲ್ಲಿ ಮರುಕಳಿಸಿದರೆ ಅದೇ ಸಂಜ್ಞಾಕಾವ್ಯದ ಪ್ರಾಸ ಎಂದು ಅವರು ವಿವರಿಸಿದರು. ಕನ್ನಡದಲ್ಲಿ ಪ್ರಾಸ ಎರಡನೆಯ ಅಕ್ಷರದ ಮೇಲೆ ನಿಂತಿತು, ಇಂಗ್ಲಿಷಿನಲ್ಲಿ ಸಾಲಿನ ತುದಿಗೆ ಹೋಯಿತು; ಇಲ್ಲಿ ಬೆರಳುಗಳಿಗೆ ಬಂದಿತು. ಪ್ರಾಸದ ಜೀವ ನಾದವೆಂದು ತಿಳಿದವರು, ಅದು ಪುನರಾವೃತ್ತಿಯ ಸುಖವೆಂದು ಇಲ್ಲಿ ಕಾಣಬಹುದು. ಶ್ರವ್ಯ ದೃಶ್ಯಗಳ ನಡುವಣ ನಮ್ಮ ಹಳೆಯ ಗೆರೆಯನ್ನು ಇಂಥ ಕಾವ್ಯ ಮೆಲ್ಲನೆ ಅಳಿಸಿಬಿಡುತ್ತದೆ.

ನಮ್ಮ ದೇಶದಲ್ಲಿಯೂ ನೆಲ ಹದವಾಗುತ್ತಿದೆ. ದೆಹಲಿಯಲ್ಲಿ ಭಾರತೀಯ ಸಂಜ್ಞಾಭಾಷೆಯ ಸಂಶೋಧನೆ ಮತ್ತು ತರಬೇತಿ ಕೇಂದ್ರ 2015ರಲ್ಲಿ ಸ್ಥಾಪಿತವಾಯಿತು. ಅದು ಸಿದ್ಧಪಡಿಸಿದ ನಿಘಂಟು 2021ರ ಹೊತ್ತಿಗೆ 10,000 ಪದಗಳಿಗೆ ಬೆಳೆಯಿತು. ಆದರೆ ನಿಘಂಟು ಸಾಹಿತ್ಯವಲ್ಲ. ಸಂವಿಧಾನದ ಎಂಟನೆಯ ಅನುಸೂಚಿಯ 22 ಭಾಷೆಗಳಲ್ಲಿ ಇದಕ್ಕೆ ಎಡೆಯಿಲ್ಲ. ಸಾಹಿತ್ಯ ಅಕಾಡೆಮಿ ಮನ್ನಿಸುವ 24 ಭಾಷೆಗಳಲ್ಲಿಯೂ ಇಲ್ಲ. ಅಕಾಡೆಮಿ ಈ ಭಾಷೆಯ ಕವಿಗಳನ್ನೂ ಕಥೆಗಾರರನ್ನೂ ಹುಡುಕಿ ಗೌರವಿಸಬೇಕು. ನಮ್ಮ ನಾಟಕೋತ್ಸವಗಳು ಕಿವುಡರ ತಂಡಗಳಿಗೆ ಧರ್ಮಾರ್ಥವಾಗಿಯಲ್ಲ, ಕಲೆಯ ಯೋಗ್ಯತೆಯ ಮೇಲೆ ವೇದಿಕೆ ಕೊಡಬೇಕು. ಸಾಹಿತ್ಯದ ಅಧ್ಯಾಪಕರಾದ ನಾವು ಕಾವ್ಯಮೀಮಾಂಸೆಯ ಪಾಠದಲ್ಲಿ ಸಂಜ್ಞಾಕಾವ್ಯಕ್ಕೆ ಒಂದು ಗಂಟೆಯನ್ನಾದರೂ ಮೀಸಲಿಡಬೇಕು.

ಕೇಳಿಸಿದರೂ ಕೇಳದಂತೆ ಇರುವುದಕ್ಕೆ ಕನ್ನಡದಲ್ಲಿ ಜಾಣಕಿವುಡು ಎಂಬ ಒಳ್ಳೆಯ ಮಾತಿದೆ. ದೆಲೋಜ್ ಬರೆದು ಎರಡೂವರೆ ಶತಮಾನ ಸಮೀಪಿಸುತ್ತಿದೆ. ಕಿವುಡರು ಹೇಳುವುದನ್ನು ಹೇಳುತ್ತಲೇ ಬಂದಿದ್ದಾರೆ. ಜಾಣಕಿವುಡಿನ ರೋಗ ಹತ್ತಿರುವುದು ಕಿವಿ ಕೇಳುವವರಿಗೆ. ಅದಕ್ಕೆ ವೈದ್ಯರ ಅವಶ್ಯಕತೆಯಿಲ್ಲ, ಸಹೃದಯರು ಸಾಕು.