ದೋಣಿಯಲ್ಲಿ ಹತ್ತೇ ಜನ, ಸರಿ. ದೋಣಿಗಳೆಷ್ಟು?

ತಿಮಿಂಗಿಲ ಮೀನಲ್ಲ, ಉಸಿರಾಡಲು ನೀರಿನ ಮೇಲೆ ಬರಲೇಬೇಕು ಅಂತ ಮಕ್ಕಳಿಗೆ ಪಾಠ ಮಾಡ್ತೇವೆ. ಪ್ರವಾಸಿಗರು ಅದನ್ನು ನೋಡುವುದೂ ಆ ಹೊತ್ತಿನಲ್ಲೇ. "ನಮ್ಮ ದೋಣಿಯಲ್ಲಿ ಹತ್ತೇ ಜನ" ಎಂಬ ಜಾಹೀರಾತು ಕೇಳಲು ಚೆನ್ನ. ಆದರೆ ಅಂಥ ಇಪ್ಪತ್ತು ದೋಣಿಗಳು ಸುತ್ತುವರಿದರೆ?

ನ್ಯೂಜಿಲೆಂಡಿನ 1992ರ ನಿಯಮ ನನಗೆ ಹಿಡಿಸಿತು. ತಿಮಿಂಗಿಲದಿಂದ 300 ಮೀಟರ್ ಒಳಗೆ ಒಮ್ಮೆಗೆ ಮೂರಕ್ಕಿಂತ ಹೆಚ್ಚು ದೋಣಿ ಇರುವಂತಿಲ್ಲ, 50 ಮೀಟರ್‌ಗಿಂತ ಹತ್ತಿರ ಹೋಗುವಂತಿಲ್ಲ. ಇದರಿಂದ ವ್ಯಾಪಾರವೇನೂ ಮುಳುಗಲಿಲ್ಲ. ಅಲ್ಲಿನ ಕೈಕೌರಾದಲ್ಲಿ ಮಾವೊರಿ ಕುಟುಂಬಗಳು ಮನೆ ಅಡವಿಟ್ಟು 1987ರಲ್ಲಿ ಸಣ್ಣ ದೋಣಿಯಿಂದ ಶುರುಮಾಡಿದ ಪ್ರವಾಸ ಇಂದಿಗೂ ನಡೆಯುತ್ತಿದೆ.

ಟಿಕೆಟ್ ಕೊಳ್ಳುವಾಗ ಜನರೆಷ್ಟು ಅಂತಷ್ಟೇ ಅಲ್ಲ, ಸುತ್ತ ದೋಣಿಗಳೆಷ್ಟು ಅಂತಲೂ ಕೇಳಬೇಕು. ನಮ್ಮ ಮಕ್ಕಳು ಅಷ್ಟು ಕೇಳುವಂತಾದರೆ ಪಾಠ ಸಾರ್ಥಕ. ನೀವೇನಂತೀರಿ?