ರೊಟ್ಟಿ ಬಾಗಿಲಿನಿಂದ ಬರಬೇಕು

ನಮ್ಮ ಮೇಳದ ಹುಡುಗನೊಬ್ಬ ಗಾಜಾದ ಮ್ಯಾಲೆ ಗೀಗೀ ಪದ ಕಟ್ಟಿಕೊಂಡು ಬಂದಿದ್ದ. ಹಸಿದ ಮಂದಿಗೆ ಅಮೆರಿಕಾದ ವಿಮಾನ ಮುಗಿಲಿನಿಂದ ಬುತ್ತಿ ಸುರಿಸಿತು, ಎಂಥಾ ಪುಣ್ಯ ಅಂತ ಹೊಗಳಿದ್ದ. ದನಿ ಚಲೋ ಇತ್ತು. ಆದರ ಈ ಪದಕ್ಕ ನಾ ತುಂತುಣಿ ಹಿಡಿಯಾಂಗಿಲ್ಲ ಅಂದೆ. ಯಾಕಂತ ಇಲ್ಲಿ ಬರೀತೇನಿ. ನಾ ಏಳನೇತ್ತೆ ಕಲಿತಾಂವ, ತಪ್ಪಿದ್ದರ ಮಾಸ್ತರರು ತಿದ್ದಬೇಕು.

ಆ ವಿಮಾನ ಮೊದಲು ಹಾರಿದ್ದು 2024ರ ಮಾರ್ಚ್ 2ಕ್ಕ. ಮೂರು ವಿಮಾನ, ಸುಮಾರು 38,000 ಊಟ. ಅಲ್ಲಿರೂ ಮಂದಿ 20 ಲಕ್ಷಕ್ಕೂ ಹೆಚ್ಚು. ಒಂದು ಪೊಟ್ಟಣಕ್ಕ ಐವತ್ತರ ಮ್ಯಾಲೆ ಬಾಯಿ! ಲಡಾಯಿ ಹತ್ತೂದಕ್ಕಿಂತ ಮೊದಲು ಅಲ್ಲಿಗೆ ದಿನಾ ಸುಮಾರು 500 ಲಾರಿ ಸಾಮಾನು ಹೋಗತಿತ್ತು. ವಿಮಾನ ಹಾರಿದಾಗಲೂ ಲಾರಿಗಳಿಗೇನು ಬರ ಇರಲಿಲ್ಲ. ಈಜಿಪ್ತದ ಕಡೆ ಕಾಳು ತುಂಬಿಕೊಂಡು ಸಾಲು ಹಚ್ಚಿ ನಿಂತಿದ್ದವು. ತಪಾಸಣೆ ಅಂತ ಇಸ್ರೇಲ್ ತಡೆದಿತ್ತು. ಆ ಇಸ್ರೇಲಿಗೆ ಬಾಂಬು ಕೊಡೂದೂ ಅದೇ ಅಮೆರಿಕಾ. ಬಾಗಿಲಿಗೆ ಕೀಲಿ ಜಡಿದು ಬೆಳಕಿಂಡಿಯಿಂದ ರೊಟ್ಟಿ ಒಗೆದರ ಅದಕ್ಕ ದಾನ ಅಂತಾರೇನ್ರಿ? ವಾರ ತುಂಬೂದರೊಳಗ ಯಾವುದೋ ದೇಶದ ವಿಮಾನದ ಗಂಟಿನ ಛತ್ರಿ ಬಿಚ್ಚದೆ ಐದು ಮಂದಿಯ ಮ್ಯಾಲೆ ಬಿದ್ದು ಸತ್ತರಂತ ಸುದ್ದಿ ಬಂತು.

ಪರದೇಶದ ಕಾಳು ತಿಂದ ಬಾಯಿ ನಂದೂ ಐತಿ. 72ರ ಬರದಾಗ ಅವ್ವ ಖಡಿ ಒಡೆಯೂ ಕೆಲಸಕ್ಕ ಹೋಗತಿದ್ದಳು. ಆಗ ಸುಕಡಿ ಕೊಟ್ಟರು, ಅಮೆರಿಕಾದ ಕೆಂಪು ಜೋಳ ಮಿಲೋ ಬಂತು. ತಟ್ಟಿದರ ರೊಟ್ಟಿ ಬಿರಿಯೂದು, ಬೈಕೋತ ತಿಂದೆವು. ತಿಂದದ್ದಕ್ಕ ಇವತ್ತು ಬರಿಯಾಕ ಉಳಿದೇನಿ. ಆ ಜೋಳ ಹಡಗಿನಾಗ ಬಂದು, ಲಾರಿಯಾಗ ಬಂದು, ತಕ್ಕಡಿಯಾಗ ಇಳೀತು. ಬಸುರಿ, ಕುಂಟ, ಕಣ್ಣು ಕಾಣದ ಮುದುಕಿ ಎಲ್ಲಾರೂ ಪಾಳಿ ಹಚ್ಚಿ ಒಯ್ದರು. ಮುಗಿಲಿನಿಂದ ಬಿದ್ದದ್ದು ಕಾಲಾಗ ಕಸುವಿದ್ದಾಂವಗ ಅಷ್ಟೇ.

ಒಳಗ ಬಿಟ್ಟರ ಹಮಾಸದವರು ಕದೀತಾರಲ್ಲ ಅಂತ ವಾಚನಾಲಯದಾಗ ಒಬ್ಬರು ಕೇಳಿದರು. ಹಮಾಸದವರು 2023ರ ಅಕ್ಟೋಬರ್ 7ಕ್ಕ ಸುಮಾರು 1,200 ಮಂದಿಯ ಜೀವ ತಗೊಂಡರು, ಅದು ಪಾಪದ ಕೆಲಸ, ಅದಕ್ಕ ನಾ ಸಮಜಾಯಿಷಿ ಹೇಳಾಂಗಿಲ್ಲ. ಆದರ ಕಳ್ಳ ಬರತಾನಂತ ತೊಟ್ಟಿಲ ಕೂಸಿನ ಹಾಲು ನಿಲ್ಲಸ್ತಾರೇನು? 1949ರ ಜಿನೀವಾ ಒಪ್ಪಂದದಾಗ ಲಡಾಯಿಗೆ ಸಿಕ್ಕ ಮಂದಿಯ ಅನ್ನ-ಔಷಧದ ಮಾತು ಬರೆದಿಟ್ಟಾರ. ಸಹಿ ಮಾಡಿದವರೊಳಗ ಇಸ್ರೇಲೂ ಐತಿ, ಅಮೆರಿಕಾನೂ ಐತಿ. ಅಡಿಗಿ ಮಾಡಿ ಹಂಚತಿದ್ದ ವರ್ಲ್ಡ್ ಸೆಂಟ್ರಲ್ ಕಿಚನ್ನಿನ ಏಳು ಮಂದಿಯ ಗಾಡಿಗಳ ಮ್ಯಾಲೆ 2024ರ ಏಪ್ರಿಲ್ 1ಕ್ಕ ಇಸ್ರೇಲಿನ ಬಾಂಬೇ ಬಿತ್ತು. ಅವರು ಯಾವ ಕಾಳು ಕದ್ದಿದ್ದರು?

ವಿಮಾನದ ಪುಣ್ಯ ಹಾಡಾವರು ಇದನ್ನೂ ಕೇಳ್ರಿ. ಬರೋಬ್ಬರಿ ಒಂದು ವರ್ಷಕ್ಕ, 2025ರ ಮಾರ್ಚ್ 2ಕ್ಕ, ಇಸ್ರೇಲ್ ಎಲ್ಲಾ ಗೇಟು ಮುಚ್ಚಿತು. ಹನ್ನೊಂದು ವಾರ ಒಂದು ಚೀಲ ಹಿಟ್ಟು ಒಳಗ ಹೋಗಲಿಲ್ಲ. ಆಗಸ್ಟದಾಗ ಗಾಜಾ ಶಹರದಾಗ ಬರಗಾಲ ಅಂತ ವಿಶ್ವಸಂಸ್ಥೆಯ ಮಂದಿ ಜಾಹೀರ ಮಾಡಿದರು. ಮಳಿ ಹೋಗಿ ಬಂದ ಬರ ಅಲ್ರಿ ಅದು.

ಹುಡುಗಗ ವಿಮಾನ ತಗಿ, ಲಾರಿ ಹಾಕು ಅಂದೇನಿ. ಲಾರಿ ಅಂದರ ಧಾಟಿಗೆ ಕೂಡಾಂಗಿಲ್ಲ ಕಾಕಾ ಅಂತಾನ. ದೀಪಾವಳಿ ಜಾತ್ರಿತನಕ ಟೈಮ್ ಕೊಟ್ಟೇನಿ.