ಕಾಫಿ ಕದ್ದವನು ಸಿಕ್ಕ, ಕೊಂಡವನು ಎಲ್ಲಿ?

ಸಕಲೇಶಪುರದ ಹಾನುಬಾಳು ಕಡೆಯ ಯಾವುದಾದರೂ ಒಂದು ಕಾಫಿ ತೋಟವನ್ನು ಕೊಯ್ಲಿನ ಕಾಲದಲ್ಲಿ ನೋಡಬೇಕು. ಗಿಡದಲ್ಲಿ ಇನ್ನೂ ಹಣ್ಣಿದೆ, ಕಣದಲ್ಲಿ ಸಿಪ್ಪೆ ಸುಲಿದ ಬೀಜ ಅಂದರೆ ಪಾರ್ಚ್‌ಮೆಂಟ್ ಒಣಗುತ್ತಿದೆ, ಗೋಡೌನ್‌ನಲ್ಲಿ ಚೀಲ ಪೇರಿಸಿದೆ, ಗೇಟಿನ ಬಳಿ ಲೋಡಾದ ಪಿಕಪ್ ನಿಂತಿದೆ. ಬೆಳೆಯೂ ಒಂದೇ, ಬೆಳೆಗಾರನೂ ಒಬ್ಬನೇ. ಆದರೆ ಕಳ್ಳ ಅದನ್ನು ಎಲ್ಲಿಂದ ಎತ್ತಿದ, ಎಷ್ಟು ಹೊತ್ತಿಗೆ ಎತ್ತಿದ, ಅವನು ಯಾರು ಎಂಬುದರ ಮೇಲೆ ಶಿಕ್ಷೆಯ ಮಿತಿ 3 ವರ್ಷದಿಂದ 14 ವರ್ಷಕ್ಕೆ ಏರುತ್ತದೆ.

2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯ ಲೆಕ್ಕ ಇದು. ತೆರೆದ ಕಣದಿಂದ ಒಂದು ಚೀಲ ಹೋದರೆ ಅದು 303ನೇ ಕಲಮಿನ ಸಾದಾ ಕಳವು, ಮೊದಲ ಸಲವಾದರೆ ಗರಿಷ್ಠ 3 ವರ್ಷ. ಅದೇ ಚೀಲ ಗೋಡೌನ್‌ನಿಂದಲೋ ನಿಂತ ಪಿಕಪ್‌ನಿಂದಲೋ ಹೋದರೆ 305ನೇ ಕಲಂ, 7 ವರ್ಷ. ಕತ್ತಲಾದ ಮೇಲೆ ಗೋಡೌನ್‌ನ ಬೀಗ ಮುರಿದು ಕದಿಯಲು ನುಗ್ಗಿದರೆ 331ನೇ ಕಲಂ ಪ್ರಕಾರ 14 ವರ್ಷದವರೆಗೂ ಹೋಗಬಹುದು. ಅಡ್ಡ ಬಂದವರನ್ನು ಕಡಿಯಲು ಸಿದ್ಧನಾಗಿ ಮಚ್ಚು ಹಿಡಿದೇ ಕದಿಯಲು ಬಂದಿದ್ದರೆ 307ನೇ ಕಲಮಿನ 10 ವರ್ಷದ ಕಠಿಣ ಸಜೆ ಕಾದಿದೆ.

ಈ ಏರಿಕೆಗೆ ಅರ್ಥವಿಲ್ಲದಿಲ್ಲ. 1860ರ ದಂಡ ಸಂಹಿತೆಯಿಂದ ಬಹುಮಟ್ಟಿಗೆ ಹಾಗೆಯೇ ಇಳಿದು ಬಂದಿರುವ ಈ ಕಲಮುಗಳು ಮಾಲಿನ ಬೆಲೆಗಿಂತ ಜನರ ಭಯವನ್ನೇ ಅಳೆಯುತ್ತವೆ. ಹೆತ್ತೂರು, ಯಸಳೂರು ಕಡೆಯ ಒಂಟಿ ಮನೆಗಳಲ್ಲಿ ವಯಸ್ಸಾದ ಗಂಡ ಹೆಂಡತಿ ಇಬ್ಬರೇ ಇರುವುದುಂಟು. ಕೂಗಿದರೂ ಪಕ್ಕದ ಮನೆಗೆ ಕೇಳುವುದಿಲ್ಲ. ರಾತ್ರಿ ಗೋಡೌನ್ ಬಾಗಿಲು ಸದ್ದಾದಾಗ ಅವರು ಕಳೆದುಕೊಳ್ಳುವುದು ನಾಲ್ಕು ಚೀಲ ಕಾಫಿಯನ್ನಷ್ಟೇ ಅಲ್ಲ. ರಾತ್ರಿಗೆ, ಆಯುಧಕ್ಕೆ ಕಾನೂನು ಹೆಚ್ಚು ತೂಕ ಕೊಟ್ಟಿದ್ದು ಸರಿಯೇ.

ತಕರಾರು ಇರುವುದು 306ನೇ ಕಲಮಿನ ಬಗ್ಗೆ. ಕೆಲಸಗಾರ ತನ್ನ ಮಾಲೀಕನ ಸ್ವತ್ತನ್ನು ಕದ್ದರೆ 7 ವರ್ಷದವರೆಗೆ ಶಿಕ್ಷೆ ಎನ್ನುತ್ತದೆ ಅದು. ನಂಬಿಸಿ ಕೆಡಿಸಿದ್ದು ದೊಡ್ಡ ತಪ್ಪು ಎಂಬುದು ಇದರ ಹಿಂದಿನ ತರ್ಕ. ಗೋಡೌನ್ ಕೀಲಿ ಸೊಂಟದಲ್ಲಿಟ್ಟುಕೊಂಡ, ತೋಟದ ಲೆಕ್ಕ ಬರೆಯುವ ರೈಟರ್ ಚೀಲ ಸಾಗಿಸಿದರೆ ಈ ತರ್ಕ ಒಪ್ಪತಕ್ಕದ್ದೇ. ಆದರೆ ಲೈನ್ ಮನೆಯಲ್ಲಿರುವ, ಕೆಜಿ ಲೆಕ್ಕದಲ್ಲಿ ಹಣ್ಣು ಕೊಯ್ಯುವ ಆಳು ಅರ್ಧ ಚೀಲ ಹಣ್ಣನ್ನು ಬೇಲಿಯಾಚೆ ದಾಟಿಸಿದರೂ ಅದೇ ಕಲಂ. ಅದೇ ಅರ್ಧ ಚೀಲವನ್ನು ಹೊರಗಿನವನು ಬಂದು ಕೊಯ್ದುಕೊಂಡು ಹೋದರೆ 3 ವರ್ಷ ಮಾತ್ರ.

ಹೊಸ ಸಂಹಿತೆ ಈ ಅಂತರವನ್ನು ಇನ್ನಷ್ಟು ಹಿಗ್ಗಿಸಿದೆ. 5,000 ರೂಪಾಯಿಗಿಂತ ಕಡಿಮೆ ಬೆಲೆಯ ಮಾಲು ಕದ್ದು ಮೊದಲ ಬಾರಿ ಸಿಕ್ಕಿಬಿದ್ದವನು ಮಾಲನ್ನೋ ಅದರ ಬೆಲೆಯನ್ನೋ ಹಿಂತಿರುಗಿಸಿದರೆ ಜೈಲಿನ ಬದಲು ಸಮುದಾಯ ಸೇವೆ ಎಂಬ ಹೊಸ ದಾರಿ ಬಂದಿದೆ. ಅದು ಇರುವುದು 303ನೇ ಕಲಮಿನೊಳಗೆ. ಆಳಿನ ಮೇಲೆ 306 ಹಾಕಿದರೆ ಆ ದಾರಿ ಅವನಿಗೆ ಮುಚ್ಚಿತು. 2025ರ ಆರಂಭದಲ್ಲಿ 50 ಕೆಜಿ ಅರೇಬಿಕಾ ಪಾರ್ಚ್‌ಮೆಂಟ್ ಚೀಲದ ಬೆಲೆ 25,000 ರೂಪಾಯಿ ದಾಟಿತ್ತು. ಆ ದರದಲ್ಲಿ 10 ಕೆಜಿ ಕದ್ದರೆ ಹೊರಗಿನವನೂ ಈ ರಿಯಾಯಿತಿಯನ್ನು ಕಳೆದುಕೊಳ್ಳುತ್ತಾನೆ. ಬೆಳೆಗಾರನಿಗೆ ಹಬ್ಬವಾದ ದರ ಕಳ್ಳನ ಶಿಕ್ಷೆಯನ್ನೂ ಏರಿಸಿತು, ಅನ್ನಿ.

ಇಷ್ಟೆಲ್ಲ ಲೆಕ್ಕದಲ್ಲಿ ಒಬ್ಬನ ಹೆಸರೇ ಬರುವುದಿಲ್ಲ. ಕದ್ದ ಕಾಫಿಯನ್ನು ಯಾರೂ ಕುದಿಸಿ ಕುಡಿದು ಮುಗಿಸುವುದಿಲ್ಲ. ಬಿಲ್ಲಿಲ್ಲದೆ, ತೋಟ ಯಾವುದೆಂದು ಕೇಳದೆ, ದರದಲ್ಲಿ ಅರ್ಧ ಮುರಿದು ತೂಗಿಸಿಕೊಳ್ಳುವವನೊಬ್ಬ ಇರಲೇಬೇಕು. ಕಾನೂನು ಅವನನ್ನು ಮರೆತಿಲ್ಲ. ಕಳವಿನ ಮಾಲೆಂದು ತಿಳಿದೂ ಒಮ್ಮೆ ಕೊಂಡವನಿಗೆ 317ನೇ ಕಲಂ 3 ವರ್ಷದವರೆಗೆ ಶಿಕ್ಷೆ ಇಟ್ಟಿದೆ. ಅದನ್ನೇ ಚಾಳಿ ಮಾಡಿಕೊಂಡವನಿಗೆ ಅದೇ ಕಲಮಿನ ನಾಲ್ಕನೇ ಉಪಕಲಂ ವಿಧಿಸುವುದು 10 ವರ್ಷದವರೆಗಿನ ಸಜೆ ಅಥವಾ ಜೀವಾವಧಿ. ಬೀಗ ಮುರಿದವನಿಗೂ ಇಲ್ಲದ ಜೀವಾವಧಿ ಇವನಿಗಿದೆ! ಕೊಳ್ಳುವವನಿಲ್ಲದಿದ್ದರೆ ಕಳವೇ ಇಲ್ಲ ಎಂಬುದನ್ನು ಹತ್ತೊಂಬತ್ತನೇ ಶತಮಾನದಲ್ಲಿ ಸಂಹಿತೆ ಬರೆದವರು ಕಂಡಿದ್ದರು. ಪತ್ರಿಕೆಗಳಲ್ಲಿ ನೋಡಿ: ಠಾಣೆಯ ಮುಂದೆ ಚೀಲಗಳ ಹಿಂದೆ ತಲೆ ತಗ್ಗಿಸಿ ಕೂತವರು ಸಾಮಾನ್ಯವಾಗಿ ಕದ್ದವರು.

ಸಾಬೀತು ಕಷ್ಟ ಎನ್ನುವುದು ನಿಜ. ಒಂದು ತೋಟದ ಬೀಜಕ್ಕೂ ಪಕ್ಕದ ತೋಟದ ಬೀಜಕ್ಕೂ ಮುಖಚಹರೆ ಇಲ್ಲ, ಚೀಲ ಬದಲಾಯಿಸಿದರೆ ಗುರುತೇ ಹೋಯಿತು. ಆದರೆ ಕಳವಾದ ಸ್ವಲ್ಪ ಹೊತ್ತಿನಲ್ಲೇ ಮಾಲು ಯಾರ ಬಳಿ ಸಿಕ್ಕಿತೋ ಅವನು ಲೆಕ್ಕ ಕೊಡದಿದ್ದರೆ ನ್ಯಾಯಾಲಯ ಅವನ ವಿರುದ್ಧ ಊಹಿಸಬಹುದೆಂದು ಸಾಕ್ಷ್ಯ ಕಾನೂನು ಹೇಳುತ್ತದೆ. ಆ ಊಹೆ ಕೆಲಸಕ್ಕೆ ಬರಬೇಕಾದರೆ ಬಾಳ್ಳುಪೇಟೆ, ಆಲೂರು, ಸಕಲೇಶಪುರದ ಖರೀದಿ ಅಂಗಡಿಗಳಲ್ಲಿ ಪುಸ್ತಕ ಇರಬೇಕು: ಮಾರಿದವನ ಹೆಸರು, ತೋಟ, ತೂಕ, ವಾಹನದ ನಂಬರು.

ಇನ್ನು 306ರ ತಕರಾರಿಗೆ ಮರಳಿದರೆ, ಶಿಕ್ಷೆ ಎಷ್ಟೆಂದು ತೂಗುವುದು ಕೊನೆಗೆ ನ್ಯಾಯಾಧೀಶರು, ಕಲಂ ಹೇಳುವುದು ಗರಿಷ್ಠ ಮಿತಿಯನ್ನಷ್ಟೇ. ತಪ್ಪನ್ನು ಹೆಚ್ಚಿಸುವ ಸಂಗತಿಗಳ ಜೊತೆಗೆ ತಗ್ಗಿಸುವ ಸಂಗತಿಗಳನ್ನೂ ನೋಡಬೇಕೆಂದು ಸುಪ್ರೀಂ ಕೋರ್ಟ್ 1980ರ ಬಚ್ಚನ್ ಸಿಂಗ್ ತೀರ್ಪಿನಲ್ಲಿ ಹೇಳಿತು, ಅದು ಮರಣದಂಡನೆಯ ಪ್ರಕರಣ. ಶಿಕ್ಷೆ ನಿಗದಿಗೆ ಮಾರ್ಗಸೂಚಿ ಬೇಕೆಂದು ಕರ್ನಾಟಕ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಯಾಗಿದ್ದ ವಿ.ಎಸ್. ಮಳಿಮಠರ ಸಮಿತಿ 2003ರಲ್ಲೇ ಶಿಫಾರಸು ಮಾಡಿತ್ತು. ಅಂಥ ಮಾರ್ಗಸೂಚಿ ಬಂದಿದ್ದರೆ ಕೀಲಿ ಹಿಡಿದ ರೈಟರನ್ನೂ ಹಣ್ಣು ಕೊಯ್ಯುವ ಆಳನ್ನೂ ಬೇರೆ ಬೇರೆಯಾಗಿ ತೂಗಲು ನ್ಯಾಯಾಧೀಶರಿಗೆ ಒಂದು ಆಧಾರ ಸಿಗುತ್ತಿತ್ತು.

ನವೆಂಬರಿಗೆ ಅರೇಬಿಕಾ ಕೊಯ್ಲು ಶುರುವಾಗುತ್ತದೆ. ಅಷ್ಟರೊಳಗೆ ಬೆಳೆಗಾರರ ಸಂಘಗಳು ಖರೀದಿದಾರರನ್ನು ಕೂರಿಸಿಕೊಂಡು ಖರೀದಿ ಪುಸ್ತಕದ ಮಾತನ್ನು ಇತ್ಯರ್ಥ ಮಾಡಲಿ. ಪೊಲೀಸರು ಕಾಫಿ ಕಳವಿನ ಪ್ರತಿ ದೂರಿನಲ್ಲೂ ಮಾಲು ಯಾವ ಅಂಗಡಿಗೆ ಹೋಯಿತು ಎಂಬಲ್ಲಿಯವರೆಗೆ ತನಿಖೆ ನಡೆಸಲಿ, ಒಂದೇ ಅಂಗಡಿ ಮತ್ತೆ ಮತ್ತೆ ಸಿಕ್ಕರೆ 317(4) ಹಾಕಲಿ.